ಮುಸ್ತಫಾ ಎಂಬ ಕಾಳಗದ ಆಟ: ರೂಪ, ಹೆಸರು ಮತ್ತು ಕಾರಣ

೧. ವಿಷಯ ಪ್ರವೇಶ

ಶಹಾಪುರ ತಾಲ್ಲೂಕಿನ ವನದುರ್ಗಕ್ಕೆ ಪದವಿ ತರಗತಿಯ ವಿದ್ಯಾರ್ಥಿಗಳೊಡನೆ ಅಧ್ಯಯನ ಪ್ರವಾಸ ಹೋಗಿದ್ದಾಗ ನಡೆದ ಒಂದು ಸಣ್ಣ ಸಂಗತಿಯೇ ಈ ಲೇಖನಕ್ಕೆ ಪ್ರೇರಣೆ. ಈ ಸೀಮೆಯ ಕೋಟೆಗಳಲ್ಲಿ ಬಾಗಿಲಿನ ಹಾದಿಯನ್ನು ನೇರವಾಗಿ ಬಿಡದೆ ತಿರುವು ಕೊಟ್ಟು ಕಟ್ಟುತ್ತಿದ್ದುದೇಕೆ, ಒಳನುಗ್ಗಿದವರು ಒಂದೊಂದು ತಿರುವಿನಲ್ಲಿಯೂ ಹೊಸ ಎದುರಾಳಿಗಳನ್ನು ಕಾಣಬೇಕಾಗುತ್ತಿದ್ದುದು ಹೇಗೆ ಎಂಬುದನ್ನು ವಿವರಿಸುತ್ತಿದ್ದೆನು. ಆಗ ಒಬ್ಬ ವಿದ್ಯಾರ್ಥಿಯು, “ಹಂಗಾರ ಇದು ಮುಸ್ತಫಾ ಆಟದ ಸ್ಟೇಜ್ ಇದ್ದಂಗ ಅದ ನೋಡ್ರಿ ಸರ್” ಎಂದನು. ಎಲ್ಲರೂ ನಕ್ಕರು; ನಾನೂ ನಕ್ಕೆನು. ಆದರೆ ಮಾತು ಮನಸ್ಸಿನಲ್ಲಿ ಉಳಿಯಿತು. ಆ ಆಟವನ್ನು ನಾನು ಆಡಿದ್ದು ಶಹಾಪುರವು ಗುಲ್ಬರ್ಗಾ ಜಿಲ್ಲೆಗೆ ಸೇರಿದ್ದ ದಿನಗಳಲ್ಲಿ, ಒಂದು ಅಂಗಡಿಯ ಕತ್ತಲ ಮೂಲೆಯಲ್ಲಿ ನಿಂತು, ನಾಣ್ಯ ಹಾಕಿ. ಈ ಹುಡುಗನು ಆಡಿದ್ದು ತನ್ನ ಅಣ್ಣನ ಕಂಪ್ಯೂಟರಿನಲ್ಲಿ. ಹೆಸರು ಮಾತ್ರ ಅದೇ ಉಳಿದಿದೆ.

ವಿಡಿಯೋ ಗೇಮಿನ ವಿಷಯವು ಇತಿಹಾಸ ವಿಭಾಗದ ಸಂಚಿಕೆಗೆ ತಕ್ಕುದೇ ಎಂಬ ಶಂಕೆ ಕೆಲವರಿಗೆ ಬರಬಹುದು. ಶಾಸನ, ನಾಣ್ಯ, ಕಡತ, ಕಟ್ಟಡ ಇವುಗಳನ್ನು ಆಕರಗಳೆಂದು ಒಪ್ಪಿರುವ ಶಾಸ್ತ್ರವು, ಒಂದು ತಲೆಮಾರಿನ ಮಕ್ಕಳು ತಮ್ಮ ಬಿಡುವನ್ನೂ ಕೈಯ ಕಾಸನ್ನೂ ಸುರಿದ ವಸ್ತುವೊಂದನ್ನು ಆಕರವಲ್ಲವೆಂದು ತಳ್ಳಿಬಿಡಬೇಕಾದರೆ ತಕ್ಕ ಕಾರಣ ಕೊಡಬೇಕಾಗುತ್ತದೆ. ಅಂಥ ಕಾರಣವು ನಮಗೆ ಕಂಡಿಲ್ಲ. ಆದುದರಿಂದ ಇಲ್ಲಿ ಮೂರು ಪ್ರಶ್ನೆಗಳನ್ನು ವಿವೇಚಿಸಲು ಯತ್ನಿಸಲಾಗಿದೆ. ಈ ಆಟಕ್ಕೆ ಈಗಿರುವ ರೂಪವು ಎಲ್ಲಿಂದ ಬಂದಿತು? ಈ ಹೆಸರನ್ನು ಅದಕ್ಕೆ ಕೊಟ್ಟವರಾರು? ಅದರಲ್ಲಿ ನಡೆಯುವ ಕಾಳಗಕ್ಕೆ ಇದ್ದ ಕಾರಣವು ಏನಾಯಿತು?

೨. ಆಟದ ಸ್ವರೂಪ ಮತ್ತು ವಂಶ

ನಮ್ಮ ಕಡೆಯಲ್ಲಿ ಮುಸ್ತಫಾ ಎಂದು ಕರೆಯಲ್ಪಡುವ ಆಟದ ನಿಜವಾದ ಹೆಸರು ‘ಕ್ಯಾಡಿಲ್ಯಾಕ್ಸ್ ಅಂಡ್ ಡೈನೋಸಾರ್ಸ್’. ಜಪಾನಿನ ಕ್ಯಾಪ್‌ಕಾಮ್ ಸಂಸ್ಥೆಯು ೧೯೯೩ರಲ್ಲಿ ಇದನ್ನು ನಾಣ್ಯದ ಯಂತ್ರಗಳಿಗಾಗಿ ಹೊರತಂದಿತು. ಆಡುವವನು ನಾಲ್ವರು ನಾಯಕರಲ್ಲಿ ಒಬ್ಬನನ್ನು ಆರಿಸಿಕೊಂಡು, ಪರದೆಯ ಎಡದಿಂದ ಬಲಕ್ಕೆ ಸಾಗುತ್ತ, ಗುಂಪುಗುಂಪಾಗಿ ಎದುರಾಗುವ ವೈರಿಗಳನ್ನು ಗುದ್ದಿ, ಒದ್ದು, ಎತ್ತಿ ಒಗೆದು ಮುಂದುವರಿಯುತ್ತಾನೆ. ಒಂದೊಂದು ಹಂತದ ಕೊನೆಯಲ್ಲಿ ಒಬ್ಬ ಬಲಿಷ್ಠ ವೈರಿ ಇರುತ್ತಾನೆ. ಹುಡುಗರು ಇವನನ್ನು ‘ಬಾಸ್’ ಎನ್ನುತ್ತಾರೆ. ಇಂಥ ಹಂತಗಳು ಎಂಟು. ಮೂವರು ಏಕಕಾಲಕ್ಕೆ ಜೊತೆಗೂಡಿ ಆಡುವುದಕ್ಕೆ ಅವಕಾಶವಿದೆ.

ಒಬ್ಬನು ಅನೇಕರೊಡನೆ ಕೈಕೈ ಮಿಲಾಯಿಸುವ ಇಂಥ ಆಟಗಳನ್ನು ಕಾಳಗದ ಆಟಗಳೆಂದು ಕರೆಯಬಹುದು. ಇವುಗಳ ವಂಶವು ದೀರ್ಘವಾದುದಲ್ಲ. ೧೯೮೪ರಲ್ಲಿ ಐರೆಮ್ ಸಂಸ್ಥೆಯ ‘ಕುಂಗ್‌ಫೂ ಮಾಸ್ಟರ್’ ಬಂದಿತು. ಅದರಲ್ಲಿ ನಾಯಕನು ಐದು ಅಂತಸ್ತುಗಳ ಕಟ್ಟಡದಲ್ಲಿ ಒಂದೇ ಗೆರೆಯ ಮೇಲೆ ನಡೆದು ಹೋರಾಡುತ್ತಾನೆ. ೧೯೮೬ರಲ್ಲಿ ಟೆಕ್ನೋಸ್ ಸಂಸ್ಥೆಯ ‘ರೆನೆಗೇಡ್’ ಆಟವು ನಾಯಕನಿಗೆ ಪರದೆಯ ಒಳಕ್ಕೂ ಹೊರಕ್ಕೂ ಸರಿಯುವ ಸ್ವಾತಂತ್ರ್ಯವನ್ನು ಕೊಟ್ಟಿತು. ಇದರಿಂದ ಗೆರೆಯು ಅಂಗಳವಾಯಿತು. ಮರುವರ್ಷ ಅದೇ ಸಂಸ್ಥೆಯ ‘ಡಬಲ್ ಡ್ರಾಗನ್’ ಇಬ್ಬರನ್ನು ಜೊತೆಯಾಗಿ ನಿಲ್ಲಿಸಿತು. ೧೯೮೯ರಲ್ಲಿ ಕ್ಯಾಪ್‌ಕಾಮ್‌ನ ‘ಫೈನಲ್ ಫೈಟ್’ ಬರುವ ವೇಳೆಗೆ ಈ ಪ್ರಕಾರವು ತನ್ನ ಪೂರ್ಣರೂಪವನ್ನು ಪಡೆದಿತ್ತೆನ್ನಬಹುದು. ಐದು ವರ್ಷಗಳಲ್ಲಿ ಹುಟ್ಟಿ ಬೆಳೆದ ಈ ರೂಪವನ್ನು ಅದೇ ಹೊತ್ತಿಗೆ ಟೆಲಿವಿಷನ್ನಿನ ಕಾರ್ಟೂನು ಸರಣಿಗಳು ಬಂದು ಸೇರಿಕೊಂಡುವು.

೩. ಕಾಮಿಕ್ಸ್, ಸರಣಿ, ಆಟ

ಈ ಸೇರುವಿಕೆಯ ಮೊದಲ ದೊಡ್ಡ ಉದಾಹರಣೆಯೆಂದರೆ ಕೊನಾಮಿ ಸಂಸ್ಥೆಯು ೧೯೮೯ರಲ್ಲಿ ಹೊರತಂದ ‘ಟೀನೇಜ್ ಮ್ಯೂಟೆಂಟ್ ನಿಂಜಾ ಟರ್ಟಲ್ಸ್’. ಮೂಲದಲ್ಲಿ ಇದು ಕೆವಿನ್ ಈಸ್ಟ್‌ಮನ್ ಮತ್ತು ಪೀಟರ್ ಲೇರ್ಡ್ ಎಂಬ ಇಬ್ಬರು ಅಮೆರಿಕನ್ ಚಿತ್ರಕಾರರು ೧೯೮೪ರಲ್ಲಿ ತಾವೇ ಅಚ್ಚುಹಾಕಿಸಿದ ಕಪ್ಪುಬಿಳುಪಿನ ಕಾಮಿಕ್ಸ್. ಆಟಿಕೆ ತಯಾರಿಸುವ ಸಂಸ್ಥೆಯೊಂದರ ಆಸಕ್ತಿಯಿಂದ ೧೯೮೭ರ ಡಿಸೆಂಬರಿನಲ್ಲಿ ಅದು ಟೆಲಿವಿಷನ್ ಸರಣಿಯಾಯಿತು. ಕಾಮಿಕ್ಸಿನಿಂದ ಸರಣಿಗೆ ಬರುವಾಗ ಆದ ಮಾರ್ಪಾಡುಗಳು ಗಮನಿಸತಕ್ಕವು. ಮೂಲದಲ್ಲಿ ನಾಲ್ಕು ಆಮೆಗಳ ಮುಖಪಟ್ಟಿಯೂ ಕೆಂಪು. ಸರಣಿಯಲ್ಲಿ ಒಂದೊಂದಕ್ಕೆ ಒಂದೊಂದು ಬಣ್ಣ. ಮೂಲದಲ್ಲಿ ಮುಖ್ಯ ವೈರಿಯಾದ ಶ್ರೆಡರನು ಮೊದಲ ಸಂಚಿಕೆಯಲ್ಲಿಯೇ ಸಾಯುತ್ತಾನೆ. ಸರಣಿಯಲ್ಲಿ ಅವನು ಸೋತು ಸೋತು ಮತ್ತೆ ಮತ್ತೆ ಬರುತ್ತಾನೆ. ಮೂಲದಲ್ಲಿ ಅವನ ಕಾಲಾಳುಗಳು ಮನುಷ್ಯರು, ಸರಣಿಯಲ್ಲಿ ಯಂತ್ರಮಾನವರು. ಮಕ್ಕಳ ಕಾರ್ಯಕ್ರಮದಲ್ಲಿ ಕತ್ತಿಯಿಂದ ಮನುಷ್ಯನನ್ನು ಕಡಿಯುವಂತಿಲ್ಲ, ಯಂತ್ರವನ್ನು ಕಡಿಯಬಹುದು.

ಈ ಮಾರ್ಪಾಡುಗಳನ್ನೆಲ್ಲ ಆಟವು ಕೈಗೆ ಸಿಕ್ಕ ಸಿದ್ಧಸಾಮಗ್ರಿಯಂತೆ ಎತ್ತಿಕೊಂಡಿತು. ನಾಲ್ಕು ಬಣ್ಣಗಳಿಂದಾಗಿ ನಾಲ್ವರು ಆಟಗಾರರು ಒಂದೇ ಯಂತ್ರದ ಮುಂದೆ ನಿಂತರೂ ತಮ್ಮ ತಮ್ಮ ಆಮೆಯನ್ನು ಗುರುತಿಸುವುದು ಸುಲಭವಾಯಿತು. ಯಂತ್ರಮಾನವರು ಹೊಡೆತ ತಿಂದು ಸಿಡಿದು ಮಾಯವಾಗುವುದರಿಂದ ಪರದೆಯ ಮೇಲೆ ಹೆಣಗಳು ಉಳಿಯಲಿಲ್ಲ. ಸಾಯದ ವೈರಿಯು ಕೊನೆಯ ಹಂತದಲ್ಲಿ ಕಾದಿರುವುದಕ್ಕೆ ಅಡ್ಡಿಯಾಗಲಿಲ್ಲ. ೧೯೯೧ರಲ್ಲಿ ಅದೇ ಕೊನಾಮಿಯು ‘ದಿ ಸಿಂಪ್ಸನ್ಸ್’ ಎಂಬ ಸರಣಿಯನ್ನು ಕಾಳಗದ ಆಟವಾಗಿಸಿತು. ಇದು ಒಂದು ಸಂಸಾರದ ನಗೆಕಥೆ. ಆದರೆ ಆಟದಲ್ಲಿ ತಾಯಿಯು ಮನೆ ಗುಡಿಸುವ ವಿದ್ಯುದ್ಯಂತ್ರವನ್ನೂ ಮಗಳು ಕುಣಿಯುವ ಹಗ್ಗವನ್ನೂ ಆಯುಧವಾಗಿ ಬೀಸುತ್ತ ಬೀದಿಬೀದಿಗಳಲ್ಲಿ ಹೊಡೆದಾಡುತ್ತಾರೆ. ಕಥೆ ಯಾವುದಾದರೂ ಸರಿಯೆ, ಅಚ್ಚು ಒಂದೇ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ನಿದರ್ಶನ ಬೇಕಿಲ್ಲ.

ಮುಸ್ತಫಾ ಆಟವು ಇದೇ ಸಾಲಿಗೆ ಸೇರಿದ್ದು. ಅದರ ಮೂಲವು ಮಾರ್ಕ್ ಶುಲ್ಟ್ಸ್ ಎಂಬ ಅಮೆರಿಕನ್ ಚಿತ್ರಕಾರನ ‘ಜೀನೋಜೋಯಿಕ್ ಟೇಲ್ಸ್’ ಎಂಬ ಕಾಮಿಕ್ಸ್. ಇದು ೧೯೮೭ರಲ್ಲಿ ಆರಂಭವಾಯಿತು. ಮಹಾವಿಪತ್ತಿನ ಕಾರಣ ನೂರಾರು ವರ್ಷ ನೆಲದೊಳಗೆ ಬಾಳಿದ ಮಾನವರು ಮೇಲಕ್ಕೆ ಬಂದಾಗ, ಭೂಮಿಯ ಮೇಲೆ ಮತ್ತೆ ಡೈನೋಸಾರ್‌ಗಳು ಸಂಚರಿಸುತ್ತಿರುವುದನ್ನು ಕಾಣುತ್ತಾರೆ. ಹಳೆಯ ಕ್ಯಾಡಿಲ್ಯಾಕ್ ಕಾರುಗಳನ್ನು ದುರಸ್ತಿ ಮಾಡಿ ಓಡಿಸುವ ಜ್ಯಾಕ್ ಟೆನ್ರೆಕ್, ಅವನ ಸಂಗಾತಿ ಹ್ಯಾನಾ ಡಂಡೀ, ಗೆಳೆಯ ಮುಸ್ತಫಾ ಕೈರೋ ಇವರು ಆ ಲೋಕದ ಪ್ರಾಣಿಗಳಿಗೂ ಮನುಷ್ಯರಿಗೂ ನಡುವಣ ಸಮತೋಲವನ್ನು ಕಾಪಾಡಲು ಹೆಣಗುತ್ತಾರೆ. ೧೯೯೩ರ ಸೆಪ್ಟೆಂಬರಿನಲ್ಲಿ ಅಮೆರಿಕದ ಸಿ.ಬಿ.ಎಸ್. ವಾಹಿನಿಯಲ್ಲಿ ಈ ಕಥೆಯ ಕಾರ್ಟೂನು ಸರಣಿ ಪ್ರಾರಂಭವಾಯಿತು. ಅದರ ಜೊತೆಗೆ ಸಾಗಬೇಕೆಂದು ಸಿದ್ಧವಾದದ್ದು ಈ ಆಟ. ಹೀಗಾಗಿ ಆಟವು ಸರಣಿಯ ಮಗುವೆನ್ನುವುದಕ್ಕಿಂತ, ಎರಡೂ ಒಂದೇ ಕಾಮಿಕ್ಸಿನ ಮಕ್ಕಳು, ಒಂದೇ ವರ್ಷದಲ್ಲಿ ಸಂತೆಗೆ ಬಂದವು ಎನ್ನುವುದು ಹೆಚ್ಚು ಸರಿಯಾದೀತು.

ಸರಣಿಯು ೧೯೯೪ರ ಮಾರ್ಚಿಯಲ್ಲಿ, ೧೩ ಕಂತುಗಳಿಗೇ ನಿಂತುಹೋಯಿತು. ಆಸರೆ ಬಿದ್ದ ಬಳಿಕ ಬಳ್ಳಿಯೂ ಒಣಗಬೇಕಾದುದು ಲೋಕರೂಢಿ. ಇಲ್ಲಿ ಹಾಗಾಗಲಿಲ್ಲ.

೪. ನಾಣ್ಯವೂ ರೂಪವೂ

ಈ ಆಟಗಳೆಲ್ಲ ಒಂದೇ ಅಚ್ಚಿನಲ್ಲಿ ಎರಕವಾದುದಕ್ಕೆ ಕಾರಣವನ್ನು ಕಥೆಗಳಲ್ಲಿ ಹುಡುಕಿದರೆ ಸಿಗುವುದಿಲ್ಲ; ಯಂತ್ರದ ಕೆಳಗಣ ನಾಣ್ಯದ ಪೆಟ್ಟಿಗೆಯಲ್ಲಿ ಹುಡುಕಬೇಕು. ಯಂತ್ರವನ್ನು ಇಟ್ಟ ಅಂಗಡಿಯವನಿಗೆ ಅದು ಗಂಟೆಗೆ ಇಷ್ಟು ದುಡಿಯಬೇಕು. ಒಬ್ಬನೇ ಹುಡುಗನು ಒಂದೇ ನಾಣ್ಯದಲ್ಲಿ ಸಂಜೆಯವರೆಗೆ ಆಡುವಂತಿದ್ದರೆ ಅಂಗಡಿ ಮುಚ್ಚಬೇಕಾಗುತ್ತದೆ. ಎರಡೇ ನಿಮಿಷಗಳಲ್ಲಿ ಸೋಲುವಂತಿದ್ದರೆ ಹುಡುಗನು ಮತ್ತೆ ಬರುವುದಿಲ್ಲ. ಈ ಎರಡರ ನಡುವಣ ಹದವನ್ನು ಹಿಡಿಯುವುದೇ ಆಟ ರಚಿಸುವವನ ವಿದ್ಯೆ.

ಆಟದ ಒಂದೊಂದು ಅಂಗವನ್ನೂ ಈ ದೃಷ್ಟಿಯಿಂದ ನೋಡಬಹುದು. ‘ಲೈಫ್’ ಎಂಬ ಪ್ರಾಣಗಳ ಎಣಿಕೆಯು ನಾಣ್ಯವೊಂದಕ್ಕೆ ಸಿಗುವ ಕಾಲದ ಅಳತೆ. ಆರಂಭದ ವೈರಿಗಳು ದುರ್ಬಲರಾಗಿರುವುದು ಹೊಸಬನನ್ನು ಒಳಕ್ಕೆ ಕರೆಯಲು. ಹಂತದ ಕೊನೆಯ ಬಾಸ್ ಇರುವುದು ಪ್ರಾಣಗಳನ್ನು ಕಳೆಯಲು. ಸೋತೊಡನೆ ಪರದೆಯ ಮೇಲೆ ಅಂಕಿಗಳು ಒಂದೊಂದಾಗಿ ಇಳಿಯುತ್ತವೆ. ಅಷ್ಟರೊಳಗೆ ಇನ್ನೊಂದು ನಾಣ್ಯ ಬಿದ್ದರೆ ನಿಂತಲ್ಲಿಂದಲೇ ಮುಂದುವರಿಯಬಹುದು, ಇಲ್ಲವಾದರೆ ಅಷ್ಟು ಹೊತ್ತಿನ ಶ್ರಮವೆಲ್ಲ ವ್ಯರ್ಥ. ಮೂವರು ಜೊತೆಗೂಡಿ ಆಡುವ ಸೌಕರ್ಯವು ಸ್ನೇಹವನ್ನು ಬೆಳೆಸುವುದು ನಿಜ. ಮೂರು ನಾಣ್ಯಗಳನ್ನು ಬೀಳಿಸುವುದೂ ಅಷ್ಟೇ ನಿಜ. ಸುತ್ತಲೂ ಕವಿದು ಬರುವ ವೈರಿಗಳನ್ನು ಒಮ್ಮೆಗೇ ಕೆಡವುವ ಒಂದು ವಿಶೇಷ ಹೊಡೆತವಿದೆ. ಅದನ್ನು ಬಳಸಿದಾಗ ಬಳಸಿದವನ ಬಲವೇ ತುಸು ಕುಗ್ಗುತ್ತದೆ. ಸಾಲಕ್ಕೆ ಬಡ್ಡಿ ಇದ್ದಂತೆ ಇದು. ೧೯೯೦ರಲ್ಲಿ ಆಮೆಗಳ ಆಟವು ಮನೆಯಲ್ಲಿ ಆಡುವ ನಿಂಟೆಂಡೊ ಯಂತ್ರಕ್ಕೆ ಬಂದಾಗ ನಾಣ್ಯದ ಪೆಟ್ಟಿಗೆ ಇಲ್ಲವಾಯಿತು. ಆದರೆ ಆಟದ ಬೀದಿಗಳಲ್ಲಿ ಪಿಜ್ಜಾ ಅಂಗಡಿಯೊಂದರ ಜಾಹೀರಾತುಗಳು ಕಾಣಿಸಿಕೊಂಡುವು. ದುಡ್ಡು ಬರುವ ಬಾಗಿಲು ಬದಲಾಯಿತಷ್ಟೆ.

ಇದನ್ನು ದೂರಾಗಿ ಹೇಳುತ್ತಿಲ್ಲ. ದೇವಾಲಯದ ವಿಸ್ತಾರವು ದತ್ತಿಯ ಪ್ರಮಾಣವನ್ನು ಅವಲಂಬಿಸಿರುವಂತೆ, ಆಟದ ಉದ್ದವು ನಾಣ್ಯವನ್ನು ಅವಲಂಬಿಸಿದೆ. ಯಾವ ವಸ್ತುವಿನ ವಿಷಯದಲ್ಲಿಯೂ ಕೇಳಬೇಕಾದ ಮೊದಲ ಪ್ರಶ್ನೆ, ಇದನ್ನು ಮಾಡಿಸಿದವರಾರು, ಹಣ ಕೊಟ್ಟವರಾರು ಎಂಬುದು. ಈ ಪ್ರಶ್ನೆಯನ್ನು ಶಾಸನಕ್ಕೆ ಕೇಳುವ ವಿದ್ಯಾರ್ಥಿಯು ತನ್ನ ಕೈಯಲ್ಲಿರುವ ಮೊಬೈಲಿನ ಆಟಕ್ಕೂ ಕೇಳಲಿ ಎಂಬುದಿಷ್ಟೇ ನಮ್ಮ ಆಶಯ.

೫. ಹೆಸರು ಬದಲಾದ ಬಗೆ

ಜಪಾನಿನಲ್ಲಿ ಈ ಆಟಕ್ಕೆ ‘ಕ್ಯಾಡಿಲ್ಯಾಕ್ಸ್: ಡೈನೋಸಾರ್‌ಗಳ ಹೊಸ ಶತಮಾನ’ ಎಂಬ ಅರ್ಥದ ಹೆಸರಿತ್ತು. ಅಮೆರಿಕದಲ್ಲಿ ‘ಕ್ಯಾಡಿಲ್ಯಾಕ್ಸ್ ಅಂಡ್ ಡೈನೋಸಾರ್ಸ್’ ಎಂಬ ಹೆಸರಿತ್ತು. ಭಾರತದ ಅನೇಕ ಊರುಗಳಲ್ಲಿ ಇವೆರಡೂ ನಿಲ್ಲದೆ ‘ಮುಸ್ತಫಾ’ ಎಂಬ ಹೆಸರು ನಿಂತಿತು. ಮೊದಲೆರಡು ಹೆಸರುಗಳನ್ನು ಕೊಟ್ಟವರು ಮಾರುವವರು. ಮೂರನೆಯದನ್ನು ಕೊಟ್ಟವರು ಆಡಿದವರು. ಇದಕ್ಕೆ ಸಭೆ ಸೇರಲಿಲ್ಲ, ಜಾಹೀರಾತು ಬರಲಿಲ್ಲ.

ಇದಕ್ಕೆ ಕಾರಣಗಳನ್ನು ಊಹಿಸುವುದು ಕಷ್ಟವಲ್ಲ. ಕ್ಯಾಡಿಲ್ಯಾಕ್ ಕಾರನ್ನು ನಮ್ಮ ತಾಲ್ಲೂಕಿನ ಹುಡುಗರು ಕಂಡವರಲ್ಲ. ಜ್ಯಾಕ್ ಟೆನ್ರೆಕ್ ಎಂಬ ಹೆಸರು ನಾಲಗೆಗೆ ಹೊರಳುವಂಥದಲ್ಲ. ನಾಲ್ವರಲ್ಲಿ ಮುಸ್ತಫಾ ಒಬ್ಬನ ಹೆಸರು ಮಾತ್ರ ಓಣಿಯಲ್ಲಿ ಕೇಳಿದ್ದು, ಹಾಜರಿ ಪುಸ್ತಕದಲ್ಲಿದ್ದದ್ದು. ಅವನು ಚುರುಕಾಗಿ ಓಡುವವನು. ಓಡಿಬಂದು ಒದೆಯುವ ಅವನ ಒದೆತಕ್ಕೆ ವೈರಿಗಳ ಸಾಲೇ ಉರುಳುತ್ತಿತ್ತು. ಹೀಗೆ ಪರಿಚಯವೂ ಪರಾಕ್ರಮವೂ ಒಂದಾಗಿ, ಅಮೆರಿಕನ್ ಕಥೆಯಲ್ಲಿ ನಾಯಕನ ಗೆಳೆಯನಾಗಿದ್ದವನು ಇಲ್ಲಿ ನಾಯಕನಾದನು; ಅಷ್ಟೇ ಅಲ್ಲ, ಆಟಕ್ಕೇ ಹೆಸರಾದನು. ನಾನು ಆಡುತ್ತಿದ್ದ ಅಂಗಡಿಯಲ್ಲಿ, ಹಿಡಿಕೆ ಹಿಡಿದವನು ಯಾವ ಜಾತಿ ಮತದವನಾದರೂ, “ಮುಸ್ತಫಾ ನಂದು” ಎಂದು ಮೊದಲೇ ಕೂಗಿ ಕಾದಿರಿಸಿಕೊಳ್ಳುವುದು ವಾಡಿಕೆಯಾಗಿತ್ತು. ಎರಡನೆಯವನಿಗೆ ಜ್ಯಾಕ್ ಉಳಿಯುತ್ತಿದ್ದನು. ಅವನ ಹೆಸರು ನಮಗೆ ಗೊತ್ತಿರಲಿಲ್ಲವಾಗಿ ಅವನನ್ನು ‘ಹೀರೋ’ ಎನ್ನುತ್ತಿದ್ದೆವು. ‘ಹೀರೋ’ ಸಿಕ್ಕವನು ಸಪ್ಪೆಮೋರೆ ಹಾಕುತ್ತಿದ್ದುದು ಈಗ ನೆನೆದರೆ ನಗೆ ಬರುತ್ತದೆ.

ಈ ಯಂತ್ರದ ಆಟವು ಆ ದಿನಗಳಲ್ಲಿ ಮನೆಯ ಯಂತ್ರಗಳಿಗೆ ಅಧಿಕೃತವಾಗಿ ಬರಲೇ ಇಲ್ಲ. ಆದರೆ ಹಳೆಯ ಯಂತ್ರಗಳ ಆಟಗಳನ್ನು ಸಾಮಾನ್ಯ ಕಂಪ್ಯೂಟರಿನಲ್ಲಿ ನಡೆಸುವ ಉಪಾಯ ಹೊರಟ ಬಳಿಕ, ಅನಧಿಕೃತ ಪ್ರತಿಗಳ ಮೂಲಕ ಅದು ಇಂಟರ್‌ನೆಟ್ ಕೇಂದ್ರಗಳಿಗೂ ಮನೆಗಳಿಗೂ ಹರಡಿತು. ಹೋದಲ್ಲೆಲ್ಲ ಕಡತಕ್ಕೆ ‘ಮುಸ್ತಫಾ’ ಎಂಬ ಹೆಸರೇ ಅಂಟಿಕೊಂಡು ಹೋಯಿತು. ಹಕ್ಕುದಾರರ ದಾಖಲೆಗಳಲ್ಲಿ ಎಲ್ಲಿಯೂ ಆಟದ ಹೆಸರಾಗಿ ಕಾಣದ ಈ ಶಬ್ದವು ಒಂದು ತಲೆಮಾರಿನ ಬಾಯಿಯಲ್ಲಿ ಉಳಿದಿದೆ. ಊರಿನ ಹೆಸರನ್ನು ಕಡತದಿಂದಲ್ಲದೆ ಊರವರ ಉಚ್ಚಾರಣೆಯಿಂದಲೂ ಪರಿಶೀಲಿಸಬೇಕೆಂದು ಸ್ಥಳನಾಮಗಳ ಅಧ್ಯಯನದಲ್ಲಿ ಹೇಳುವುದುಂಟಷ್ಟೆ. ಆ ಮಾತು ಇಲ್ಲಿಗೂ ಸಲ್ಲುತ್ತದೆ.

೬. ವೀರಗಲ್ಲಿನೊಡನೆ ಒಂದು ಹೋಲಿಕೆ

ಹೆಸರು ಉಳಿಯಿತು. ಕಾಳಗದ ಕಾರಣವು ಉಳಿಯಿತೆ? ಈ ಪ್ರಶ್ನೆಗೆ ಉತ್ತರ ಹುಡುಕುವಾಗ ನಮ್ಮ ನಾಡಿನ ವೀರಗಲ್ಲುಗಳನ್ನು ನೆನೆಯುವುದು ಉಪಯುಕ್ತ.

ವೀರಗಲ್ಲಿಗೂ ಕಾಳಗದ ಆಟಕ್ಕೂ ಮೇಲುನೋಟಕ್ಕೆ ಸಾಮ್ಯವಿದೆ. ಸಾಮಾನ್ಯವಾಗಿ ವೀರಗಲ್ಲಿನಲ್ಲಿ ಮೂರು ಅಂಕಣಗಳಿರುತ್ತವೆ. ಕೆಳಗಣದರಲ್ಲಿ ವೀರನು ಅನೇಕರೊಡನೆ ಕಾದುತ್ತಾನೆ. ನಡುವಣದರಲ್ಲಿ ಅಪ್ಸರೆಯರು ಅವನನ್ನು ಕರೆದೊಯ್ಯುತ್ತಾರೆ. ಮೇಲಣದರಲ್ಲಿ ಅವನು ದೇವರ ಸನ್ನಿಧಿಯಲ್ಲಿರುತ್ತಾನೆ. ಪಕ್ಕದಿಂದ ಕಂಡ ಆಕೃತಿಗಳು, ವೈರಿಗಳಿಗಿಂತ ಹಿರಿದಾಗಿ ಕೊರೆದ ವೀರ, ಹಂತಹಂತವಾಗಿ ಓದಬೇಕಾದ ಕಥೆ ಇವೆಲ್ಲ ಎರಡರಲ್ಲಿಯೂ ಉಂಟು. ಆದರೆ ಒಂದು ಮುಖ್ಯ ಭೇದವಿದೆ. ಬರವಣಿಗೆಯುಳ್ಳ ವೀರಗಲ್ಲು ಕಾರಣವನ್ನು ಹೇಳದೆ ಬಿಡುವುದು ವಿರಳ. ತುರುಗೋಳಿನಲ್ಲಿ ದನಗಳನ್ನು ಬಿಡಿಸಲು ಹೋಗಿ, ಪೆಣ್ಬುಯ್ಯಲಿನಲ್ಲಿ ಹೆಂಗಸರ ಮಾನ ಕಾಯಲು ನಿಂತು, ಊರಳಿವಿನಲ್ಲಿ ಊರನ್ನು ಉಳಿಸಲು ಕಾದಿ ಸತ್ತನೆಂದು ಅದು ಸ್ಪಷ್ಟವಾಗಿ ನುಡಿಯುತ್ತದೆ. ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿರುವ ಪ್ರಸಿದ್ಧವಾದ ಬೇಗೂರು ಕಲ್ಲಿನಲ್ಲಿ, ಗಂಗರ ಎಱೆಯಪ್ಪನ ಅಪ್ಪಣೆಯಂತೆ ನಾಗತ್ತರನು ವೀರಮಹೇಂದ್ರನ ವಿರುದ್ಧ ತುಂಬೆಪಾಡಿಯಲ್ಲಿ ಹೋರಾಡಿ ಮಡಿದನೆಂಬುದೂ, ಅವನ ಪಟ್ಟವು ಇರುಗನಿಗೆ ಸಂದಿತೆಂಬುದೂ ಬರೆದಿದೆ. ಯಾರು, ಯಾರಿಗಾಗಿ, ಯಾರೊಡನೆ, ಎಲ್ಲಿ, ತರುವಾಯ ಏನು ಎಂಬ ಐದಕ್ಕೂ ಅಲ್ಲಿ ಉತ್ತರವಿದೆ. ವೀರನಿಗೆ ಇದ್ದದ್ದು ಒಂದೇ ಪ್ರಾಣ.

ಮುಸ್ತಫಾ ಆಟದಲ್ಲಿಯೂ ಕಾರಣವಿತ್ತು. ವೈರಿಗಳು ಡೈನೋಸಾರ್‌ಗಳನ್ನು ಕದ್ದು ಬೇಟೆಯಾಡುವವರು. ಅವರ ಹಿಂದೆ ಆ ಪ್ರಾಣಿಗಳ ಮೇಲೆ ಪ್ರಯೋಗ ನಡೆಸುವ ಫೆಸೆಂಡೆನ್ ಎಂಬ ವಿಜ್ಞಾನಿ. ನಾಯಕರು ಹೋರಾಡುವುದು ಮೂಕಪ್ರಾಣಿಗಳ ರಕ್ಷಣೆಗಾಗಿ. ಆದರೆ ಈ ಸಂಗತಿಯೆಲ್ಲ ಹಂತಗಳ ನಡುವೆ ಕ್ಷಣಕಾಲ ತೋರುವ ಇಂಗ್ಲಿಷ್ ಬರಹದಲ್ಲಿತ್ತು. ಅದನ್ನು ಓದುವಷ್ಟು ಇಂಗ್ಲಿಷು ನಮಗಿರಲಿಲ್ಲ. ಓದುವಷ್ಟು ತಾಳ್ಮೆಯೂ ಇರಲಿಲ್ಲ. ಬೇಗ ಮುಗಿಯಲೆಂದು ಗುಂಡಿ ಒತ್ತುತ್ತಿದ್ದೆವು. ಫಲವೇನೆಂದರೆ, ಕೆರಳಿ ಅಡ್ಡಬಂದ ಡೈನೋಸಾರ್‌ಗಳನ್ನು ವೈರಿಗಳೆಂದೇ ತಿಳಿದು ಮನಬಂದಂತೆ ಹೊಡೆದೆವು. ಯಾರನ್ನು ಉಳಿಸಬೇಕೆಂದು ಕಥೆ ಹೇಳುತ್ತಿತ್ತೋ ಅವರನ್ನೇ ಬಡಿದು ಗೆದ್ದೆವೆಂದು ಕುಣಿದೆವು. ಈ ತಪ್ಪು ನನಗೆ ತಿಳಿದುದು ಉಪನ್ಯಾಸಕನಾದ ಮೇಲೆ, ಅಂದರೆ ಹದಿನೈದಕ್ಕೂ ಹೆಚ್ಚು ವರ್ಷಗಳ ತರುವಾಯ.

ಕಾಳಗದ ಆಟಗಳು ಮಕ್ಕಳಿಗೆ ಹಿಂಸೆಯನ್ನು ಕಲಿಸುತ್ತವೆ ಎಂಬ ಆಕ್ಷೇಪಣೆಯನ್ನು ಆಗಾಗ ಕೇಳುತ್ತೇವೆ. ಅದನ್ನು ಇತ್ಯರ್ಥ ಮಾಡುವುದು ಮನಶ್ಶಾಸ್ತ್ರಜ್ಞರ ಕೆಲಸ. ಇತಿಹಾಸದ ಅಧ್ಯಾಪಕನಿಗೆ ಕಾಣುವ ತೊಡಕು ಬೇರೆಯದು. ಹೊಡೆತವು ಕಣ್ಣಿಗೆ ಕಾಣುತ್ತದೆ, ಯಾವ ಭಾಷೆಯವನಿಗೂ ತಿಳಿಯುತ್ತದೆ. ಕಾರಣವು ಭಾಷೆಯಲ್ಲಿರುತ್ತದೆ, ದಾರಿಯಲ್ಲಿ ಬಿದ್ದುಹೋಗುತ್ತದೆ. ಒಂದು ನಾಡಿನಿಂದ ಇನ್ನೊಂದಕ್ಕೆ, ಒಂದು ಕಾಲದಿಂದ ಇನ್ನೊಂದಕ್ಕೆ ಕಥೆಗಳು ಸಾಗುವಾಗ ಮೊದಲು ಕಳೆಯುವುದು ಇದೇ. ಅಕ್ಷರ ಸವೆದ ವೀರಗಲ್ಲನ್ನು ಊರವರು ಯಾವುದೋ ದೇವರೆಂದು ಪೂಜಿಸುವುದೂ ಇದೇ ಬಗೆಯ ನಷ್ಟ.

೭. ಉಪಸಂಹಾರ

ಕೊನೆಯದಾಗಿ, ವನದುರ್ಗದ ಬಾಗಿಲಲ್ಲಿ ಆ ವಿದ್ಯಾರ್ಥಿಯು ಮಾಡಿದ ಹೋಲಿಕೆಗೆ ಹಿಂದಿರುಗೋಣ. ತಿರುವುಗಳು ಹಂತಗಳಂತಿವೆ ಎಂಬ ಅವನ ಮಾತು ಸರಿಯಾದದ್ದೇ. ಕೋಟೆ ಕಟ್ಟಿಸಿದವನೂ ಆಟ ರಚಿಸಿದವನೂ ಒಳಬರುವವನ ವೇಗವನ್ನು ತಗ್ಗಿಸಲು ಯತ್ನಿಸಿದವರೇ. ಆದರೆ ಹೋಲಿಕೆಯು ನಿಲ್ಲುವ ಸ್ಥಳವನ್ನೂ ಅವನಿಗೆ ತೋರಿಸಬೇಕಾಗಿದೆ. ಅದಕ್ಕೆ ಬೇರೆಲ್ಲಿಗೂ ಹೋಗಬೇಕಿಲ್ಲ. ಇದೇ ಸುರಪುರ ಸೀಮೆಯ ವಾಗಣಗೇರಾ ಸಾಕು.

೧೭೦೫ರ ಫೆಬ್ರವರಿಯಲ್ಲಿ, ೮೬ ವರ್ಷದ ಔರಂಗಜೇಬನು ತಾನೇ ನಿಂತು ವಾಗಣಗೇರಾಕ್ಕೆ ಮುತ್ತಿಗೆ ಹಾಕಿಸಿದನು. ಬೇಡ ನಾಯಕನಾದ ಪಿಡ್ಡ ನಾಯಕನ ಗುರಿಕಾರರು ಮೊಗಲರ ದೊಡ್ಡ ಸೈನ್ಯವನ್ನು ವಾರಗಟ್ಟಲೆ ತಡೆದು ನಿಲ್ಲಿಸಿದರು; ಮರಾಠರ ಧನಾಜಿ ಜಾಧವನು ನೆರವಿಗೆ ಬಂದನು. ಏಪ್ರಿಲ್ ಕೊನೆಯಲ್ಲಿ ಕೋಟೆ ಮೊಗಲರ ವಶವಾಯಿತು. ಕಾಳಗದ ಆಟವಾಗಿದ್ದರೆ ಇದು ಕೊನೆಯ ಹಂತ. ಪರದೆಯ ಮೇಲೆ ಜಯದ ಬರಹ ಮೂಡಿ ಎಲ್ಲ ಮುಗಿಯಬೇಕು. ನಡೆದದ್ದು ಹಾಗಲ್ಲ. ಪಿಡ್ಡ ನಾಯಕನು ರಾತ್ರಿಯೇ ತಪ್ಪಿಸಿಕೊಂಡು ಹೋಗಿದ್ದನು. ಕೋಟೆ ಸಿಕ್ಕಿತು, ನಾಯಕನು ಸಿಗಲಿಲ್ಲ. ಚಕ್ರವರ್ತಿಯು ಸಮೀಪದ ದೇವಾಪುರದಲ್ಲಿ ಕಾಯಿಲೆ ಬಿದ್ದು ತಿಂಗಳುಗಟ್ಟಲೆ ತಂಗಬೇಕಾಯಿತು. ೧೭೦೭ರಲ್ಲಿ ಅಹಮದ್‌ನಗರದಲ್ಲಿ ತೀರಿಕೊಂಡನು. ವಾಗಣಗೇರಾ ಅವನ ಕೊನೆಯ ಮುತ್ತಿಗೆಯಾಯಿತು. ಸುರಪುರದ ನಾಯಕರ ಮನೆತನವು ಅನಂತರವೂ ಒಂದೂವರೆ ಶತಮಾನ ಬಾಳಿತು. ಗೆದ್ದವರಾರು, ಸೋತವರಾರು ಎಂಬುದನ್ನು ಕೋಟೆಯ ಬಾಗಿಲಿನ ಲೆಕ್ಕದಿಂದ ಹೇಳಲಾಗದು. ಇತಿಹಾಸದ ಕಾಳಗವು ಕೊನೆಯ ಬಾಸ್ ಬಿದ್ದೊಡನೆ ಮುಗಿಯುವುದಿಲ್ಲ. ಅದರ ಅರ್ಥವು ತರುವಾಯ ನಡೆದುದರಲ್ಲಿರುತ್ತದೆ. ಇದನ್ನು ಆ ವಿದ್ಯಾರ್ಥಿಗೆ ಅಂದೇ ಹೇಳಬೇಕಾಗಿತ್ತು. ನಕ್ಕು ಸುಮ್ಮನಾದ ತಪ್ಪನ್ನು ಈ ಲೇಖನದಿಂದ ತಿದ್ದಿಕೊಳ್ಳುತ್ತಿದ್ದೇನೆ.

ಇನ್ನೊಂದು ಸೂಚನೆಯನ್ನು ಮುಂದಿಟ್ಟು ಈ ಲೇಖನವನ್ನು ಮುಗಿಸಬಹುದು. ನಾಣ್ಯದ ಆಟದ ಅಂಗಡಿಗಳು ನಮ್ಮ ಊರುಗಳಿಂದ ಮರೆಯಾದುವು. ಅವುಗಳನ್ನು ನಡೆಸಿದವರು ಇನ್ನೂ ನಮ್ಮ ನಡುವೆ ಇದ್ದಾರೆ. ಯಂತ್ರವು ಯಾವ ವರ್ಷ ಬಂದಿತು, ಎಲ್ಲಿಂದ ತಂದರು, ಒಂದು ಆಟಕ್ಕೆ ಎಷ್ಟು ಕಾಸು, ಯಾವ ಆಟಕ್ಕೆ ಊರಿನವರು ಏನೆಂದು ಹೆಸರಿಟ್ಟಿದ್ದರು, ಹೆಣ್ಣುಮಕ್ಕಳು ಬರುತ್ತಿದ್ದರೆ, ಬಾರದಿದ್ದರೆ ಏಕೆ, ಅಂಗಡಿ ಮುಚ್ಚಿದ್ದು ಯಾವಾಗ ಎಂಬ ಪ್ರಶ್ನೆಗಳಿಗೆ ಅವರಿಂದ ಉತ್ತರ ಬರೆದಿಟ್ಟುಕೊಳ್ಳುವುದು ಪದವಿ ವಿದ್ಯಾರ್ಥಿಗಳಿಗೆ ಕೈಗೆಟುಕುವ ಕೆಲಸ;
ಒಂದು ಟಿಪ್ಪಣಿ ಪುಸ್ತಕವೂ ಎರಡು ಭಾನುವಾರಗಳೂ ಸಾಕು. ಆಟದ ಹೆಸರನ್ನು ಜನರೇ ಉಳಿಸಿಕೊಂಡರು. ಅದರ ಕಥೆಯನ್ನೂ ಕಾರಣವನ್ನೂ ಉಳಿಸುವ ಹೊಣೆಯು ಇತಿಹಾಸ ಓದುವವರದು.